ಹಿಂದಕ್ಕೆ ಹೋಗುವುದು ಸುದ್ದಿ ಮಾತ್ರ: ‘ಎಡ್ಜ್ ಆಫ್ ಟುಮಾರೋ’ದ ಟೈಮ್ ಲೂಪ್ ಬಿಡಿಸಿ ನೋಡಿದಾಗ

ತರಬೇತಿಯ ನಡುವೆ ಅವನ ಕಾಲು ಮುರಿಯುತ್ತದೆ. ಎದುರಿಗಿದ್ದ ಹೆಂಗಸು ಡಾಕ್ಟರನ್ನು ಕರೆಯುವುದಿಲ್ಲ. ಪಿಸ್ತೂಲು ತೆಗೆದು ಗುಂಡು ಹೊಡೆಯುತ್ತಾಳೆ. ಮರುಕ್ಷಣ ಅವನು ಸೈನಿಕರ ಬ್ಯಾಗುಗಳ ರಾಶಿಯ ಮೇಲೆ ಕಣ್ಣು ಬಿಡುತ್ತಾನೆ. ಅದೇ ದಿನ, ಅದೇ ಜಾಗ, ಅದೇ ಸಾರ್ಜೆಂಟಿನ ಬೈಗುಳ. ಎದ್ದು, ಹೇಗೋ ಎಲ್ಲರ ಕಣ್ಣು ತಪ್ಪಿಸಿ, ಮತ್ತೆ ಅದೇ ಹೆಂಗಸಿನ ಮುಂದೆ ಹೋಗಿ ನಿಲ್ಲುತ್ತಾನೆ. ಅವಳಿಗೆ ಇವನು ಯಾರು ಅಂತಲೇ ಗೊತ್ತಿಲ್ಲ. ಎಲ್ಲವನ್ನೂ ಮೊದಲಿನಿಂದ ಹೇಳಬೇಕು.

ಇದು 2014ರಲ್ಲಿ ಬಂದ ‘ಎಡ್ಜ್ ಆಫ್ ಟುಮಾರೋ’. ಡಗ್ ಲೈಮನ್ ನಿರ್ದೇಶನ, ಟಾಮ್ ಕ್ರೂಸ್ ಮತ್ತು ಎಮಿಲಿ ಬ್ಲಂಟ್ ನಟನೆ. ಜಪಾನಿನ ಹಿರೋಶಿ ಸಾಕುರಾಜಾಕಾ 2004ರಲ್ಲಿ ಬರೆದ ‘ಆಲ್ ಯು ನೀಡ್ ಈಸ್ ಕಿಲ್’ ಎಂಬ ಕಾದಂಬರಿ ಇದರ ಮೂಲ. ನೋಡುತ್ತಾ ಕೂತರೆ ಎಲ್ಲವೂ ಅರ್ಥವಾದ ಹಾಗೇ ಇರುತ್ತದೆ. ಸಿನಿಮಾ ಮುಗಿದು ಎದ್ದ ಮೇಲೆ ತಲೆ ಕೆರೆದುಕೊಳ್ಳುವ ಸರದಿ. ಇಡೀ ಜಗತ್ತು ಹಿಂದಕ್ಕೆ ಹೋದರೆ ಇವನ ನೆನಪು ಮಾತ್ರ ಯಾಕೆ ಉಳಿಯಿತು? ರಕ್ತ ಹಾಕಿಸಿಕೊಂಡ ಕೂಡಲೇ ಶಕ್ತಿ ಹೋಗುವುದು ಯಾಕೆ? ಕೊನೆಯಲ್ಲಿ ಅವನು ಇನ್ನೂ ಮುಂಚಿನ ಹೊತ್ತಿಗೆ ಎದ್ದಿದ್ದು ಹೇಗೆ? ಇವನ್ನೆಲ್ಲ ಬಿಡಿಸಬೇಕಾದರೆ ಕತೆಯನ್ನು ಪೂರ್ತಿ ಹೇಳಲೇಬೇಕು. ಸಿನಿಮಾ ನೋಡಿಲ್ಲದವರು ನೋಡಿ ಬಂದು ಓದಿದರೆ ಒಳ್ಳೆಯದು.

ಕತೆ ಚಿಕ್ಕದು. ಮಿಮಿಕ್ ಎಂಬ ಅನ್ಯಗ್ರಹದ ಜೀವಿಗಳು ಯುರೋಪನ್ನು ನುಂಗಿ ಹಾಕಿವೆ. ವಿಲಿಯಂ ಕೇಜ್ ಅಮೆರಿಕದ ಸೇನೆಯ ಮೇಜರ್. ಅವನ ಕೆಲಸ ಟಿವಿಯಲ್ಲಿ ಕೂತು ಯುದ್ಧದ ಪ್ರಚಾರ ಮಾಡುವುದು, ಬಂದೂಕು ಹಿಡಿಯುವುದಲ್ಲ. ಜನರಲ್ ಒಬ್ಬರನ್ನು ಬ್ಲ್ಯಾಕ್‌ಮೇಲ್ ಮಾಡಲು ಹೋಗಿ, ಸೈನ್ಯದಿಂದ ಓಡಿಹೋದವನು ಎಂಬ ಹಣೆಪಟ್ಟಿ ಹಚ್ಚಿಸಿಕೊಂಡು, ಲಂಡನ್ನಿನ ಹೀಥ್ರೋ ನೆಲೆಯಲ್ಲಿ ಮಾಮೂಲಿ ಸಿಪಾಯಿಯಾಗಿ ಬಂದು ಬೀಳುತ್ತಾನೆ. ಮರುದಿನ ಬೆಳಿಗ್ಗೆ ಫ್ರಾನ್ಸಿನ ಕಡಲ ತೀರದಲ್ಲಿ ದಾಳಿ. ಬಂದೂಕಿನ ಲಾಕ್ ತೆಗೆಯುವುದು ಹೇಗೆ ಅಂತಲೂ ಅವನಿಗೆ ಗೊತ್ತಿಲ್ಲ. ಸಾಯುವ ಮುಂಚೆ ಒಂದು ನೆಲಬಾಂಬ್ ಸಿಡಿಸಿ, ಬೇರೆಯವುಗಳಿಗಿಂತ ದೊಡ್ಡದಾದ ನೀಲಿ ಮಿಮಿಕ್ ಒಂದನ್ನು ಕೊಲ್ಲುತ್ತಾನೆ. ಅದರ ರಕ್ತ ಅವನ ಮುಖದ ಮೇಲೆ ಸುರಿಯುತ್ತದೆ. ಸಾಯುತ್ತಾನೆ. ಏಳುತ್ತಾನೆ.

ಇಲ್ಲಿಯವರೆಗೆ ಎಲ್ಲರಿಗೂ ಗೊತ್ತು. ತುಂಬಾ ಜನ ಒಂದು ಮಾತನ್ನು ಗಮನಿಸುವುದಿಲ್ಲ: ಒಂದೇ ದಿನ ಮತ್ತೆ ಮತ್ತೆ ಮೊದಲಿನಿಂದ ನಡೆಯುವ ಈ ಟೈಮ್ ಲೂಪ್ ಕೇಜ್‌ನದ್ದಲ್ಲ. ಇದು ಶತ್ರುವಿನ ಆಸ್ತಿ. ಇವನ ಕೈಗೆ ಕದ್ದ ಮಾಲಿನಂತೆ ಸಿಕ್ಕಿದೆ.

ಮಿಮಿಕ್‌ಗಳು ಬಿಡಿಬಿಡಿ ಪ್ರಾಣಿಗಳಲ್ಲ, ಎಲ್ಲಾ ಸೇರಿ ಒಂದೇ ಜೀವ. ಒಮೇಗಾ ಎಂಬುದು ಮಿದುಳು. ಆಲ್ಫಾ ಎಂಬ ನೀಲಿ ಮಿಮಿಕ್‌ಗಳು ನರ. ಉಳಿದವು ಕೈಕಾಲು, ಉಗುರು. ಯುದ್ಧದಲ್ಲಿ ಆಲ್ಫಾ ಸಾಯುವುದು ಅಪರೂಪ. ಸತ್ತರೆ ‘ಇವತ್ತು ಏನೋ ಕೆಟ್ಟಿದೆ’ ಎಂದು ಒಮೇಗಾಕ್ಕೆ ತಿಳಿಯುತ್ತದೆ. ಆಗ ಅದು ದಿನವನ್ನು ಹಿಂದಕ್ಕೆ ತಿರುಗಿಸುತ್ತದೆ. ಮನುಷ್ಯರು ಎಲ್ಲಿಂದ ಬರುತ್ತಾರೆ, ಎಷ್ಟು ಜನ, ಯಾವ ಹೊತ್ತಿಗೆ ಎಂಬುದನ್ನು ಮಾತ್ರ ನೆನಪಿನಲ್ಲಿ ಇಟ್ಟುಕೊಳ್ಳುತ್ತದೆ. ಎರಡನೇ ಸಲ ಮನುಷ್ಯರ ಸೈನ್ಯ ತೀರಕ್ಕೆ ಬಂದಾಗ ಮಿಮಿಕ್‌ಗಳು ಮೊದಲೇ ಕಾದು ಕೂತಿರುತ್ತವೆ. ಗುಟ್ಟಿನ ದಾಳಿ ಶತ್ರುವಿಗೆ ಹೇಗೆ ಗೊತ್ತಾಯಿತು ಅಂತ ಸೇನಾಪತಿಗಳಿಗೆ ಆಶ್ಚರ್ಯ. ಗೊತ್ತಾಗುವುದೇನು ಬಂತು, ಶತ್ರು ಆಗಲೇ ಒಂದು ಸಲ ಅದನ್ನು ನೋಡಿ ಮುಗಿಸಿದ್ದಾನೆ!

ನಮ್ಮ ಲೆಕ್ಕದಲ್ಲಿ ಹೇಳುವುದಾದರೆ ಇದು ಚಕ್ರವ್ಯೂಹ. ಅಭಿಮನ್ಯುವಿಗೆ ಒಳಗೆ ನುಗ್ಗುವುದು ಗೊತ್ತಿತ್ತು, ಹೊರಗೆ ಬರುವುದು ಗೊತ್ತಿರಲಿಲ್ಲ. ಬಿದ್ದ ಪ್ರತಿ ಸಲವೂ ಅವನು ಅದೇ ಬೆಳಿಗ್ಗೆ ಎದ್ದು, ‘ನಿನ್ನೆ ಎಡಗಡೆಯಿಂದ ಕರ್ಣನ ಬಾಣ ಬಂತು, ಇವತ್ತು ಬಲಕ್ಕೆ ತಿರುಗಬೇಕು’ ಎಂದು ಲೆಕ್ಕ ಹಾಕಿ ಮತ್ತೆ ನುಗ್ಗುವಂತಿದ್ದರೆ? ಸಾವಿರ ಸಲಕ್ಕಾದರೂ ಹೊರಗೆ ಬರುತ್ತಿದ್ದ, ಅಲ್ವಾ? ಈ ಸಿನಿಮಾದಲ್ಲಿ ಆ ವರ ಮೊದಲು ಸಿಕ್ಕಿರುವುದು ಕೌರವರ ಕಡೆಗೆ. ಕೇಜ್‌ನ ಮೈಗೆ ಆಲ್ಫಾದ ರಕ್ತ ಸೇರಿದ್ದರಿಂದ ಒಮೇಗಾ ಅವನನ್ನೂ ತನ್ನ ನರಗಳಲ್ಲಿ ಒಂದು ಎಂದು ಎಣಿಸುತ್ತಿದೆ. ಅವನು ಸತ್ತರೆ ಗಂಟೆ ಬಾರಿಸುತ್ತದೆ. ದಿನ ತಿರುಗುತ್ತದೆ.

ಇಷ್ಟು ಹಿಡಿದರೆ ರಕ್ತದ ಪ್ರಶ್ನೆ ತಾನಾಗಿಯೇ ಬಗೆಹರಿಯುತ್ತದೆ. ರೀಟಾ ವ್ರತಾಸ್ಕಿಗೆ, ಅಂದರೆ ಗುಂಡು ಹೊಡೆದ ಆ ಹೆಂಗಸಿಗೆ, ಇದೇ ಶಕ್ತಿ ಹಿಂದೆ ಫ್ರಾನ್ಸಿನ ವರ್ಡನ್‌ನಲ್ಲಿ ಮಿಮಿಕ್‌ಗಳ ವಿರುದ್ಧ ನಡೆದ ಯುದ್ಧದಲ್ಲಿ ಸಿಕ್ಕಿತ್ತು. ಗಾಯವಾಗಿ ಪ್ರಜ್ಞೆ ತಪ್ಪಿದಾಗ ಆಸ್ಪತ್ರೆಯಲ್ಲಿ ಬೇರೆಯವರ ರಕ್ತ ಹಾಕಿಬಿಟ್ಟರು. ಮಿಮಿಕ್ ರಕ್ತದ ಅಂಶ ತೊಳೆದುಹೋಯಿತು, ಒಮೇಗಾದ ಜೊತೆಗಿನ ತಂತಿ ಕಡಿದುಹೋಯಿತು. ಅದಕ್ಕೇ ಕೇಜ್‌ಗೆ ಸ್ವಲ್ಪ ಗಾಯವಾದರೂ ಅವಳು ಹಿಂದೆಮುಂದೆ ನೋಡದೆ ಗುಂಡು ಹೊಡೆಯುವುದು. ಅವರಿಗೆ ಸಾವು ಅಪಾಯವೇ ಅಲ್ಲ. ಬದುಕಿ ಉಳಿದು ಆಸ್ಪತ್ರೆ ಸೇರುವುದೇ ಅಪಾಯ!

ಇನ್ನು ನೆನಪಿನ ಪ್ರಶ್ನೆ. ನನಗೆ ಇಡೀ ವಿಷಯದಲ್ಲಿ ತುಂಬಾ ಇಷ್ಟವಾಗುವುದು ಇದೇ.

ನೆನಪು ಗಾಳಿಯಲ್ಲಿ ತೇಲುವ ವಸ್ತುವಲ್ಲ. ಮಿದುಳಿನ ಜೀವಕೋಶಗಳು ಒಂದಕ್ಕೊಂದು ಹೆಣೆದುಕೊಂಡಿರುವ ರೀತಿಯಲ್ಲಿ ಅದು ಇರುತ್ತದೆ, ಸ್ಲೇಟಿನ ಮೇಲೆ ಬಳಪದ ಗೆರೆ ಇದ್ದ ಹಾಗೆ. ಜಗತ್ತೆಲ್ಲ ನಿನ್ನೆಯ ಸ್ಥಿತಿಗೆ ಹೋಗುವುದಾದರೆ ಕೇಜ್‌ನ ಮಿದುಳೂ ಜಗತ್ತಿನ ಒಂದು ತುಂಡೇ. ಅದೂ ನಿನ್ನೆಯಂತೆಯೇ ಆಗಬೇಕು. ಮುರಿದ ಕಾಲು ಸರಿಹೋಗುತ್ತದೆ, ಸುಟ್ಟ ಮುಖ ಸರಿಹೋಗುತ್ತದೆ. ಹಾಗಾದರೆ ಕಲಿತದ್ದೂ ಅಳಿಸಿಹೋಗಬೇಕು ತಾನೇ? ಅಳಿಸಿದ್ದರೆ ಲೂಪ್ ಇದೆ ಅಂತಲೇ ಯಾರಿಗೂ ಗೊತ್ತಾಗುವುದಿಲ್ಲ. ಈ ಸಾಲನ್ನು ನೀವು ಓದುತ್ತಿರುವುದು ಇದು ನೂರನೇ ಸಲ ಇರಬಹುದು. ನಿಮಗೆ ಹೇಗೆ ತಿಳಿಯಬೇಕು?

1993ರ ‘ಗ್ರೌಂಡ್‌ಹಾಗ್ ಡೇ’ಯಲ್ಲಿ ಬಿಲ್ ಮರ್ರಿಯ ಪಾತ್ರ ಒಂದೇ ದಿನದಲ್ಲಿ ಸಿಕ್ಕಿ ಬೀಳುತ್ತದೆ. ಯಾಕೆ ಅಂತ ಆ ಸಿನಿಮಾ ಹೇಳುವುದೇ ಇಲ್ಲ. ಹಾಸ್ಯಕ್ಕೆ ಅಷ್ಟು ಸಾಕು. ವಿಜ್ಞಾನದ ಕತೆ ಅಂತ ಕರೆದುಕೊಂಡ ಮೇಲೆ ಉತ್ತರ ಕೊಡಬೇಕಾಗುತ್ತದೆ. ಸಾಕುರಾಜಾಕಾ ಅವರ ಕಾದಂಬರಿ ಅದನ್ನು ಕೊಡುತ್ತದೆ. ಸಿನಿಮಾದವರು ಆ ಉತ್ತರವನ್ನು ಕೈಬಿಟ್ಟಿದ್ದು ನನಗೆ ಸ್ವಲ್ಪ ಬೇಸರದ ವಿಷಯ.

ಕಾದಂಬರಿಯಲ್ಲಿ ಕಾಲ ಗಡಿಯಾರದ ಮುಳ್ಳಿನಂತೆ ಹಿಂದಕ್ಕೆ ತಿರುಗುವುದಿಲ್ಲ. ಮಿಮಿಕ್‌ಗಳು ಸೋಲು ಹತ್ತಿರ ಬಂದಾಗ ಟ್ಯಾಕಿಯಾನ್ ಬಳಸಿ ಹಿಂದಿನ ಹೊತ್ತಿಗೆ ಎಚ್ಚರಿಕೆಯ ಸಂಕೇತ ಕಳಿಸುತ್ತವೆ. ಟ್ಯಾಕಿಯಾನ್ ಅಂದರೆ ಬೆಳಕಿಗಿಂತ ವೇಗವಾಗಿ ಹೋಗುವ ಕಣ. ಅದಕ್ಕೆ ಆ ಹೆಸರಿಟ್ಟವರು ಭೌತವಿಜ್ಞಾನಿ ಜೆರಾಲ್ಡ್ ಫೈನ್‌ಬರ್ಗ್, 1967ರಲ್ಲಿ. ಕಾಗದದ ಮೇಲಿನ ಲೆಕ್ಕದಲ್ಲಿ ಮಾತ್ರ ಇದೆ, ಇದುವರೆಗೆ ಯಾರೂ ಕಂಡಿಲ್ಲ. ಆದರೆ ಐನ್‌ಸ್ಟೈನ್ ಅವರ ಸಾಪೇಕ್ಷತಾ ಸಿದ್ಧಾಂತದ ಪ್ರಕಾರ ಬೆಳಕಿಗಿಂತ ವೇಗವಾಗಿ ಸಂಕೇತ ಕಳಿಸಲು ಸಾಧ್ಯವಾದರೆ, ಅದನ್ನು ಹಿಂದಿನ ಕಾಲಕ್ಕೂ ತಲುಪಿಸುವ ದಾರಿ ಸಿಗುತ್ತದೆ. ಲೇಖಕರು ಹಿಡಿದಿರುವ ಎಳೆ ಇದೇ.

ಹೀಗೆ ನೋಡಿದರೆ ಗಂಟು ಸಡಿಲವಾಗುತ್ತದೆ. ಹಿಂದಕ್ಕೆ ಹೋದದ್ದು ಮನುಷ್ಯನಲ್ಲ, ಸುದ್ದಿ. ನಾಳೆ ಸತ್ತವನ ಅನುಭವವೆಲ್ಲ ಇವತ್ತು ಮಲಗಿರುವವನ ತಲೆಗೆ ಬಂದು ಇಳಿಯುತ್ತದೆ, ಒಂದು ಉದ್ದದ ಕನಸಿನ ಹಾಗೆ. ಅವನು ಎದ್ದು ‘ನಾನು ಸತ್ತು ಬಂದೆ’ ಅಂದುಕೊಳ್ಳುತ್ತಾನೆ. ನಿಜಕ್ಕೂ ಅವನು ಸತ್ತೇ ಇಲ್ಲ, ಇನ್ನೂ ಹೋಗಿಯೇ ಇಲ್ಲ. ಇಲ್ಲಿ ಮಿದುಳನ್ನು ಉಳಿಸುವ ತಾಪತ್ರಯವಿಲ್ಲ. ರೇಡಿಯೊ ಪೆಟ್ಟಿಗೆ ಹಳೆಯದೇ, ಬಂದದ್ದು ಹೊಸ ವಾರ್ತೆ. ರೀಟಾಗೆ ರಕ್ತ ಹಾಕಿದಾಗ ಆಂಟೆನಾ ಕಳಚಿಬಿತ್ತು ಅಂತ ತಿಳಿದುಕೊಳ್ಳಿ. ಕಾದಂಬರಿಯಲ್ಲಿ ಈ ಆಂಟೆನಾದ ವಿಷಯ ತುಂಬಾ ಕ್ರೂರವಾದ ಜಾಗಕ್ಕೆ ಹೋಗಿ ಮುಟ್ಟುತ್ತದೆ. ಸಿನಿಮಾದ ನಗುಮುಖದ ಕೊನೆ ಅಲ್ಲಿಲ್ಲ. ಅದನ್ನು ಇಲ್ಲಿ ಹೇಳುವುದಿಲ್ಲ, ಓದಿಯೇ ತಿಳಿಯಬೇಕು.

ನಿಜವಾದ ಭೌತವಿಜ್ಞಾನದಲ್ಲಿ ಟೈಮ್ ಲೂಪ್ ಇದೆಯಾ ಅಂತ ಕೇಳಿದರೆ, ಲೆಕ್ಕದಲ್ಲಿ ಇದೆ. 1949ರಲ್ಲಿ ಕರ್ಟ್ ಗೋಡೆಲ್ ಎಂಬ ಗಣಿತಜ್ಞರು ಐನ್‌ಸ್ಟೈನ್ ಅವರ ಸಮೀಕರಣಗಳಿಗೆ ಒಂದು ವಿಚಿತ್ರ ಉತ್ತರ ಹುಡುಕಿದರು. ಇಬ್ಬರೂ ಪ್ರಿನ್ಸ್‌ಟನ್‌ನಲ್ಲಿ ಒಟ್ಟಿಗೆ ನಡೆದಾಡುತ್ತಿದ್ದ ಗೆಳೆಯರು. ಇಡೀ ವಿಶ್ವವೇ ಗಿರಗಿರ ತಿರುಗುತ್ತಿದ್ದರೆ, ಮುಂದೆ ಮುಂದೆ ಹೋಗುತ್ತಲೇ ನೀವು ನಿಮ್ಮ ಹಿಂದಿನ ಕಾಲಕ್ಕೆ ಬಂದು ಸೇರಬಹುದು ಎಂದು ಆ ಉತ್ತರ ಹೇಳಿತು. ರಿಂಗ್ ರೋಡಿನಲ್ಲಿ ಒಂದೇ ದಿಕ್ಕಿಗೆ ಹೋಗುತ್ತಿದ್ದರೆ ಹೊರಟ ಜಾಗಕ್ಕೇ ಬರುತ್ತೀರಲ್ಲ, ಹಾಗೆ. ವ್ಯತ್ಯಾಸ ಇಷ್ಟೇ: ಇಲ್ಲಿ ಹೊರಟ ಜಾಗಕ್ಕಷ್ಟೇ ಅಲ್ಲ, ಹೊರಟ ಹೊತ್ತಿಗೂ ಬರುತ್ತೀರಿ. ನಮ್ಮ ವಿಶ್ವ ಹಾಗೆ ತಿರುಗುತ್ತಿರುವ ಲಕ್ಷಣ ಕಾಣುವುದಿಲ್ಲ, ಅದು ಬೇರೆ ಮಾತು.

ಆದರೆ ಗೋಡೆಲ್ ಅವರ ಲೂಪಿಗೂ ಕೇಜ್‌ನ ಲೂಪಿಗೂ ಹೆಸರು ಬಿಟ್ಟರೆ ಸಂಬಂಧ ಕಡಿಮೆ. ಅಲ್ಲಿ ದೇಹವೇ ಹಿಂದಕ್ಕೆ ಹೋಗುತ್ತದೆ. ಎರಡನೇ ಅವಕಾಶ ಇರುವುದಿಲ್ಲ. ರಷ್ಯಾದ ಭೌತವಿಜ್ಞಾನಿ ಇಗೋರ್ ನೊವಿಕೊವ್ ಇದನ್ನು ಒಂದು ನಿಯಮವಾಗಿ ಹೇಳಿದರು: ಹಿಂದಕ್ಕೆ ಹೋದರೂ ನೀವು ಆದದ್ದನ್ನು ಬದಲಿಸಲಾರಿರಿ, ಯಾಕೆಂದರೆ ನೀವು ಅಲ್ಲಿ ಮಾಡಲಿರುವುದೂ ಆಗಲೇ ಆ ‘ಆದದ್ದರ’ ಒಳಗೇ ಸೇರಿಕೊಂಡಿದೆ. ಬೆಳಿಗ್ಗೆ ನಿಮಗೆ ಬಸ್ಸು ತಪ್ಪಿತು ಅನ್ನಿ. ಹಿಂದಕ್ಕೆ ಹೋಗಿ ನಿಮ್ಮನ್ನೇ ಎಚ್ಚರಿಸಲು ನೋಡುತ್ತೀರಿ. ನೀವು ದಾರಿಯಲ್ಲಿ ನಿಲ್ಲಿಸಿ ಮಾತಾಡಿಸಿದ್ದರಿಂದಲೇ ಬಸ್ಸು ತಪ್ಪಿತ್ತು ಅಂತ ಆಮೇಲೆ ಗೊತ್ತಾಗುತ್ತದೆ. ಇದರಲ್ಲಿ ಎಲ್ಲವೂ ಒಂದೇ ಸಲ ನಡೆಯುತ್ತದೆ. ಸಿನಿಮಾದಲ್ಲಿ ಒಂದೇ ದಿನ ಬೇರೆ ಬೇರೆ ರೀತಿ ನಡೆಯುತ್ತದೆ. ಎರಡನ್ನೂ ‘ಟೈಮ್ ಲೂಪ್’ ಅಂತಲೇ ಕರೆಯುವುದರಿಂದ ಅರ್ಧ ಗೊಂದಲ ಹುಟ್ಟಿಕೊಂಡಿದೆ.

ಸ್ಟೀಫನ್ ಹಾಕಿಂಗ್ ಅವರಿಗೆ ಈ ಯಾವ ಲೂಪಿನ ಮೇಲೂ ನಂಬಿಕೆ ಇರಲಿಲ್ಲ. ಪ್ರಕೃತಿಯೇ ಇಂಥದ್ದಕ್ಕೆ ತಡೆ ಹಾಕುತ್ತದೆ ಎಂದು 1992ರಲ್ಲಿ ಬರೆದರು. 2009ರ ಜೂನ್ 28ರಂದು ಕೇಂಬ್ರಿಡ್ಜ್‌ನಲ್ಲಿ ಕಾಲಪ್ರಯಾಣಿಕರಿಗೆ ಪಾರ್ಟಿ ಇಟ್ಟುಕೊಂಡರು. ಆಮಂತ್ರಣ ಕೊಟ್ಟಿದ್ದು ಪಾರ್ಟಿ ಮುಗಿದ ಮೇಲೆ. ಹಿಂದಕ್ಕೆ ಬರಬಲ್ಲವರು ಮಾತ್ರ ಬರಲಿ ಅಂತ! ಒಬ್ಬರೂ ಬರಲಿಲ್ಲ.

ಇನ್ನೊಂದು ತೊಡಕಿದೆ, ಇದನ್ನು ಟೈಮ್ ಲೂಪ್ ಸಿನಿಮಾಗಳೆಲ್ಲ ಜಾಣತನದಿಂದ ಬಚ್ಚಿಡುತ್ತವೆ. ಅದೇ ದಿನ ಮತ್ತೆ ಶುರುವಾದರೆ ಅದೇ ರೀತಿ ನಡೆಯುತ್ತದಾ? 1961ರಲ್ಲಿ ಹವಾಮಾನ ವಿಜ್ಞಾನಿ ಎಡ್ವರ್ಡ್ ಲೊರೆಂಜ್ ಕಂಪ್ಯೂಟರಿನಲ್ಲಿ ಒಂದು ಹವಾಮಾನದ ಲೆಕ್ಕ ಓಡಿಸುತ್ತಿದ್ದರು. ಒಮ್ಮೆ ಓಡಿಸಿದ್ದನ್ನೇ ಮಧ್ಯದಿಂದ ಮತ್ತೆ ಓಡಿಸಬೇಕಾಯಿತು. 0.506127 ಎಂಬ ಸಂಖ್ಯೆಯ ಬದಲು ಸುಮ್ನೆ 0.506 ಎಂದು ಕೊಟ್ಟರು. ಮೊದಮೊದಲು ಎರಡೂ ಒಂದೇ ದಾರಿಯಲ್ಲಿ ಹೋದವು. ಆಮೇಲೆ ಒಂದಕ್ಕೊಂದು ಸಂಬಂಧವೇ ಇಲ್ಲದಷ್ಟು ಬೇರೆಯಾದವು. ಕೂದಲೆಳೆಯಷ್ಟು ವ್ಯತ್ಯಾಸ ಇಡೀ ಆಕಾಶವನ್ನೇ ಬದಲಿಸಿತು.

ಈಗ ಕಡಲ ತೀರಕ್ಕೆ ಬನ್ನಿ. ಕೇಜ್ ಮೊದಲ ಸಲ ಹೆದರಿ ನಿಂತಿದ್ದ. ಹತ್ತನೇ ಸಲ ಓಡಿ ಒಬ್ಬನನ್ನು ಪಕ್ಕಕ್ಕೆ ತಳ್ಳುತ್ತಾನೆ. ಆ ಸಿಪಾಯಿ ಬದುಕಿದ ಅಂದರೆ ಅವನು ಹಾರಿಸುವ ಗುಂಡುಗಳು ಹೊಸವು, ಸಾಯುವ ಮಿಮಿಕ್‌ಗಳು ಬೇರೆ. ಇನ್ನೊಂದು ನಿಮಿಷದಲ್ಲಿ ಇಡೀ ಯುದ್ಧ ಬೇರೆ ದಾರಿ ಹಿಡಿಯಬೇಕು. ಹಾಗಾಗುವುದಿಲ್ಲ. ಮಿಮಿಕ್‌ಗಳು ಹಾವು ಏಣಿ ಆಟದ ಹಾವುಗಳಂತೆ ತಮ್ಮ ತಮ್ಮ ಮನೆಯಲ್ಲೇ ಬಾಯಿ ತೆರೆದು ಕೂತಿರುತ್ತವೆ. ಹೆಜ್ಜೆ ಎಣಿಸಿಕೊಂಡು ನಡೆದರೆ ದಾಟಬಹುದು. ಇದು ವಿಡಿಯೊ ಗೇಮ್‌ನ ಲೋಕ. ಆಟ ಉಳಿಸಿಟ್ಟ ಜಾಗದಿಂದ, ಅಂದರೆ ಸೇವ್ ಪಾಯಿಂಟಿನಿಂದ, ಮತ್ತೆ ಶುರು ಮಾಡಿದರೆ ಅದೇ ರಾಕ್ಷಸ ಅದೇ ಮೂಲೆಯಿಂದ ಬರುತ್ತಾನಲ್ಲ, ಹಾಗೆ. ಇಷ್ಟು ಮೋಸವನ್ನು ನಾವು ಒಪ್ಪಿಕೊಳ್ಳಬೇಕು. ಒಪ್ಪದಿದ್ದರೆ ಕಲಿಯುವುದಕ್ಕೆ ಏನೂ ಉಳಿಯುವುದಿಲ್ಲ, ಕತೆಯೂ ಇರುವುದಿಲ್ಲ.

ಕಲಿಯುವುದನ್ನು ಸಿನಿಮಾ ತೋರಿಸುವ ರೀತಿ ಮಾತ್ರ ಅದ್ಭುತ. ಒಂದೇ ದೃಶ್ಯವನ್ನು ಹತ್ತು ಸಲ ತೋರಿಸಿದರೆ ಯಾರು ನೋಡುತ್ತಾರೆ? ಹಾಗಾಗಿ ನಾವು ಒಮ್ಮೆ ನೋಡಿದ್ದನ್ನು ಕತ್ತರಿಸಿ ಹಾಕಿ, ಹೊಸದಾಗಿ ಏನಾಯಿತೋ ಅಷ್ಟನ್ನೇ ಅಂಟಿಸುತ್ತಾರೆ. ಅರ್ಧ ಗಂಟೆಯೊಳಗೆ ನಾವೂ ಕೇಜ್‌ನ ಹಾಗೆ ‘ಇದು ಗೊತ್ತು, ಮುಂದೆ ಹೋಗು’ ಅನ್ನಲು ಶುರು ಮಾಡುತ್ತೇವೆ. ಅವನಿಗೆ ಎಷ್ಟು ಗೊತ್ತೋ ನಮಗೂ ಅಷ್ಟೇ ಗೊತ್ತು ಎಂಬ ನಂಬಿಕೆ ಬೇರೂರುತ್ತದೆ.

ಆಮೇಲೆ ಆ ಹಳ್ಳಿಯ ಮನೆ ಬರುತ್ತದೆ. ಕೇಜ್ ಮತ್ತು ರೀಟಾ ತೀರ ದಾಟಿ, ಕಾರಿನಲ್ಲಿ ದೂರ ಬಂದು, ಒಂದು ಖಾಲಿ ತೋಟದ ಮನೆ ಸೇರುತ್ತಾರೆ. ಅಲ್ಲೊಂದು ಹೆಲಿಕಾಪ್ಟರ್ ನಿಂತಿದೆ. ನಮಗೆ ಇದು ಹೊಸ ಜಾಗ, ಅವನಿಗೂ ಹೊಸದೇ ಅಂದುಕೊಂಡಿರುತ್ತೇವೆ. ಅವನು ಅವಳಿಗೆ ಕಾಫಿ ಮಾಡಿಕೊಡುತ್ತಾನೆ. ಎಷ್ಟು ಸಕ್ಕರೆ ಅಂತ ಕೇಳುವುದಿಲ್ಲ. ಮೂರು ಹಾಕುತ್ತಾನೆ. ರೀಟಾಗೆ ಆಗ ಹೊಳೆಯುತ್ತದೆ, ನಮಗೂ ಅವಳ ಜೊತೆಗೇ ಹೊಳೆಯುತ್ತದೆ. ಇವನು ಇಲ್ಲಿಗೆ ಬಂದಿರುವುದು ಇದು ಮೊದಲ ಸಲವೇ ಅಲ್ಲ. ಎಷ್ಟೋ ಸಲ ಬಂದಿದ್ದಾನೆ. ಹೆಲಿಕಾಪ್ಟರ್ ಹತ್ತಿದರೆ ಅವಳು ಸಾಯುತ್ತಾಳೆ, ಯಾವ ದಾರಿ ಹಿಡಿದರೂ ಇಲ್ಲಿಂದ ಮುಂದೆ ಅವಳು ಬದುಕುವುದಿಲ್ಲ ಅಂತ ಗೊತ್ತಿದ್ದೇ ಕಾಫಿ ಕಾಯಿಸುತ್ತಾ ಹೊತ್ತು ದೂಡುತ್ತಿದ್ದಾನೆ. ಅವಳ ಪಾಲಿಗೆ ಇವನು ಇವತ್ತು ಸಿಕ್ಕ ಅಪರಿಚಿತ. ಇವನ ಪಾಲಿಗೆ ಅವಳು ಎಷ್ಟೋ ತಿಂಗಳ ಜೊತೆಗಾತಿ. ಸುದ್ದಿ ಒಬ್ಬರ ತಲೆಗೆ ಮಾತ್ರ ಬಂದರೆ ಆಗುವ ಅನ್ಯಾಯ ಇದು. ಲೂಪ್ ಅಂದರೆ ಏನು ಅಂತ ಯಾರಿಗಾದರೂ ಹೇಳಬೇಕಾದರೆ ನಾನು ಈ ಮೂರು ಚಮಚ ಸಕ್ಕರೆಯನ್ನೇ ತೋರಿಸುತ್ತೇನೆ. ರೀಟಾಗೂ ಈ ನೋವು ಗೊತ್ತು. ವರ್ಡನ್‌ನಲ್ಲಿ ತನಗೆ ಬೇಕಾದವನೊಬ್ಬ 300 ಸಲ ಸತ್ತಿದ್ದನ್ನು ಅವಳು ನೋಡಿದ್ದಾಳೆ.

ತಮಿಳಿನ ಟೈಮ್ ಲೂಪ್ ಸಿನಿಮಾ ‘ಮಾನಾಡು’, 2021ರಲ್ಲಿ ಬಂದದ್ದು, ಇಲ್ಲೊಂದು ಒಳ್ಳೆಯ ತಿರುವು ಕೊಟ್ಟಿತು. ಅದರಲ್ಲಿ ವಿಲನ್‌ಗೂ ಎಲ್ಲಾ ನೆನಪಿರುತ್ತದೆ. ನಾಯಕ ಒಂದು ನಡೆ ಕಲಿತರೆ ಅವನೂ ಒಂದು ಕಲಿಯುತ್ತಾನೆ. ವಿಲನ್ ಪಾತ್ರದ ಎಸ್.ಜೆ. ಸೂರ್ಯ ಸಿಟ್ಟಿನಿಂದ ಕೂಗಾಡುವುದನ್ನು ನೋಡಲಿಕ್ಕಾದರೂ ಆ ಸಿನಿಮಾ ನೋಡಬೇಕು.

ಸರಿ, ಆ ಕೊನೆ. ಕೇಜ್‌ಗೂ ಕಡೆಗೆ ಆಸ್ಪತ್ರೆಯಲ್ಲಿ ರಕ್ತ ಹಾಕಿಬಿಡುತ್ತಾರೆ. ಇನ್ನು ಸತ್ತರೆ ಸತ್ತ ಹಾಗೆಯೇ. ದಾಳಿಯ ಹಿಂದಿನ ರಾತ್ರಿ ರೀಟಾ ಮತ್ತು ತನ್ನ ತಂಡದ ಜೊತೆ ಪ್ಯಾರಿಸ್‌ಗೆ ಹಾರುತ್ತಾನೆ. ಲೂವ್ರ್ ಮ್ಯೂಸಿಯಂನ ಕೆಳಗೆ ನೀರಿನಲ್ಲಿ ಅಡಗಿರುವ ಒಮೇಗಾವನ್ನು ಗ್ರೆನೇಡ್‌ಗಳಿಂದ ಕೊಲ್ಲುತ್ತಾನೆ. ತಾನೂ ಸಾಯುತ್ತಾನೆ. ಒಮೇಗಾದ ರಕ್ತ ಅವನ ಮೈಯನ್ನು ಆವರಿಸುತ್ತದೆ. ಏಳುವುದು ಹೀಥ್ರೋದ ಬ್ಯಾಗುಗಳ ಮೇಲಲ್ಲ, ಅದಕ್ಕೂ ಮುಂಚೆ, ಲಂಡನ್ನಿಗೆ ಬರುತ್ತಿರುವ ಹೆಲಿಕಾಪ್ಟರಿನಲ್ಲಿ.

ಇನ್ನೂ ಮುಂಚೆ ಯಾಕೆ? ನನ್ನ ಲೆಕ್ಕ ಹೀಗಿದೆ. ಕೇಜ್ ತರಬೇತಿಯಲ್ಲಿ ಸತ್ತರೂ, ತೀರದಲ್ಲಿ ಸತ್ತರೂ, ಅದಾದ ಮೇಲೆ ಸತ್ತರೂ ಎದ್ದಿದ್ದು ಒಂದೇ ಜಾಗದಲ್ಲಿ. ಅಂದರೆ ಯಾವಾಗ ಸತ್ತ ಎಂಬುದು ಸೇವ್ ಪಾಯಿಂಟನ್ನು ನಿರ್ಧರಿಸುವುದಿಲ್ಲ. ಶಕ್ತಿ ಯಾವಾಗ ಸಿಕ್ಕಿತು ಎಂಬುದು ನಿರ್ಧರಿಸುತ್ತದೆ. ಮೊದಲ ಸಲ ಸಿಕ್ಕಿದ್ದು ದಾಳಿಯ ಬೆಳಿಗ್ಗೆ, ತೀರದಲ್ಲಿ. ಈ ಸಲ ಸಿಕ್ಕಿದ್ದು ದಾಳಿ ಶುರುವಾಗುವ ಮೊದಲೇ. ಕೆಲವು ಗಂಟೆ ಮುಂಚೆ ಸಿಕ್ಕಿದ್ದಕ್ಕೆ ಕೆಲವು ಗಂಟೆ ಮುಂಚೆ ಎದ್ದ. ಅಷ್ಟರ ಮಟ್ಟಿಗೆ ತಾಳೆಯಾಗುತ್ತದೆ.

ತಾಳೆಯಾಗದೆ ಉಳಿಯುವುದು ಒಮೇಗಾದ ಸಾವು. ಕೇಜ್ ಎದ್ದ ಹೊತ್ತಿಗೆ ಅವನು ಅದನ್ನು ಇನ್ನೂ ಕೊಂದಿಲ್ಲ, ಆದರೂ ಪ್ಯಾರಿಸ್‌ನಲ್ಲಿ ಏನೋ ಭಾರಿ ಶಕ್ತಿ ಸಿಡಿದು ಮಿಮಿಕ್‌ಗಳು ಕುಸಿದಿರುವ ಸುದ್ದಿ ಟಿವಿಯಲ್ಲಿ ಬರುತ್ತಿದೆ, ಅಂದರೆ ಒಮೇಗಾ ಆಗಲೇ ಸತ್ತಿದೆ. ಸುದ್ದಿ ಮಾತ್ರ ಹಿಂದಕ್ಕೆ ಹೋಗುವುದಾದರೆ ಸಾವು ಹೇಗೆ ಹೋಯಿತು? ಸಿನಿಮಾವನ್ನು ಉಳಿಸಲೇಬೇಕು ಅಂದರೆ ಒಂದು ದಾರಿಯಿದೆ: ಪ್ರತಿ ಸಲವೂ ಹಿಂದಿನ ಹೊತ್ತಿಗೆ ದಾಟಿದ್ದು ಒಮೇಗಾದ ಮನಸ್ಸೇ, ಈ ಸಲ ದಾಟುವಾಗ ಆ ಮನಸ್ಸು ಸತ್ತಿತ್ತು, ಹಿಂದಿನ ಹೊತ್ತಿಗೆ ತಲುಪಿದ್ದೂ ಸತ್ತ ಮನಸ್ಸೇ. ಕೇಳಲು ಚೆನ್ನಾಗಿದೆ. ನನಗೆ ಪೂರ್ತಿ ನಂಬಿಕೆಯಿಲ್ಲ. ಪ್ರೇಕ್ಷಕರನ್ನು ಅಳಿಸಿ ಮನೆಗೆ ಕಳಿಸಬಾರದು ಅಂತ ಸ್ಟುಡಿಯೊದವರು ಯೋಚಿಸಿದಂತೆ ಕಾಣುತ್ತದೆ.

ಇನ್ನೊಂದು ಪ್ರಶ್ನೆಯನ್ನು ಸಿನಿಮಾ ಮುಟ್ಟುವುದೇ ಇಲ್ಲ. ಕೇಜ್ ಸತ್ತ ಆ ದಿನಗಳೆಲ್ಲ ಏನಾದವು? ಸ್ಲೇಟು ಒರೆಸಿ ಬರೆದ ಹಾಗೆ ಅಳಿಸಿಹೋದವಾ, ಅಥವಾ ನೋಟ್‌ಬುಕ್ಕಿನ ಹಿಂದಿನ ಹಾಳೆಗಳಂತೆ ಎಲ್ಲೋ ಇನ್ನೂ ಇವೆಯಾ? ಡಂಕನ್ ಜೋನ್ಸ್ ನಿರ್ದೇಶಿಸಿದ 2011ರ ‘ಸೋರ್ಸ್ ಕೋಡ್’ ಎರಡನೆಯದನ್ನು ಹಿಡಿಯುತ್ತದೆ. ಶಿಕಾಗೋದ ರೈಲೊಂದರ 8 ನಿಮಿಷ ಮತ್ತೆ ಮತ್ತೆ ನಡೆಯುತ್ತವೆ, ಒಂದೊಂದು ಸಲವೂ ಬೇರೆಯದೇ ಲೋಕ ಅಂತ ಕೊನೆಗೆ ತಿಳಿಯುತ್ತದೆ. ಇಲ್ಲೂ ಹಾಗೇ ಅಂದುಕೊಂಡರೆ, ತರಬೇತಿ ಕೋಣೆಯಲ್ಲಿ ಗುಂಡು ಹೊಡೆದ ರೀಟಾ ಒಬ್ಬಳಲ್ಲ. ಹೆಣದ ಮುಂದೆ ಪಿಸ್ತೂಲು ಹಿಡಿದು ನಿಂತಿರುವ ರೀಟಾಗಳು ಎಷ್ಟೋ ಜನ. ಅವರ ಪಾಲಿಗೆ ದಿನ ತಿರುಗಲೇ ಇಲ್ಲ. ಮರುದಿನ ಬೆಳಿಗ್ಗೆ ಅವರು ಒಬ್ಬೊಬ್ಬರೇ ತೀರಕ್ಕೆ ಹೋಗಬೇಕು.

ಕೇಜ್ ಎದ್ದ ಲೋಕದ ರೀಟಾಗೆ ಇದ್ಯಾವುದೂ ಗೊತ್ತಿಲ್ಲ. ಅವನು ಹುಡುಕಿಕೊಂಡು ಬಂದು ಎದುರಿಗೆ ನಿಂತಾಗ ಏನು ಬೇಕು ಅಂತ ಗಡುಸಾಗಿ ಕೇಳುತ್ತಾಳೆ. ಎಲ್ಲಿಂದ ಶುರು ಮಾಡಬೇಕೋ ತಿಳಿಯದೆ ಅವನು ನಕ್ಕುಬಿಡುತ್ತಾನೆ.